ಸೂಲಗಿತ್ತಿ ಯುಸ್ತೀನಮ್ಮನವರ ಚರಿತ್ರೆ

ಆದಿಕಾಂಡದ ಮೂವತ್ತೆಂಟನೆಯ ಅಧ್ಯಾಯದ ಕೊನೆಯಲ್ಲಿ ತಾಮಾರಳು ಅವಳಿ ಮಕ್ಕಳನ್ನು ಹೆತ್ತ ವೃತ್ತಾಂತವಿರುವದನ್ನು ನಮ್ಮ ವಾಚಕರು ಬಲ್ಲರು. ಬೇನೆಯ ಸಮಯದಲ್ಲಿ ಮೊದಲು ಒಂದು ಶಿಶುವಿನ ಕೈಯು ಹೊರಗೆ ಬಂತು. ಸೂಲಗಿತ್ತಿಯು ಆ ಕೈಗೆ ಕೆಂಪು ನೂಲನ್ನು ಕಟ್ಟಿದಳು. ಬಳಿಕ ಕೈಯು ಒಳಕ್ಕೆ ಹೋಗಿ ಇನ್ನೊಂದು ಶಿಶುವೇ ಮೊದಲು ಹುಟ್ಟಿತು. ಸಭೆಯಲ್ಲಿ ಈ ಭಾಗವನ್ನು ಓದುವಾಗ ಗಂಡಸರು ಬೇಗನೆ ದಾಟಿಹೋಗುವರು. ಹೆತ್ತ ತಾಯಂದಿರಾದರೋ ಅಲ್ಲಿ ಉಸಿರು ಹಿಡಿದು ನಿಲ್ಲುವರು. ಯಾಕಂದರೆ ತಲೆ ಬರತಕ್ಕ ಸ್ಥಳದಲ್ಲಿ ಕೈ ಬಂದರೆ ಅದು ಎಂಥಾ ಸಂಕಟವೆಂಬದನ್ನು ಅವರು ಅರಿತಿರುವರು. ತಾಮಾರಳ ಶಿಶುವಿನ ಕೈಯು ತಾನಾಗಿಯೇ ಹಿಂದಕ್ಕೆ ಹೋಯಿತು. ಎಲ್ಲಾ ಕಾಲದಲ್ಲಿಯೂ ಹಾಗೆ ಆಗುವದಿಲ್ಲ. ರಾಹೇಲಳು ಬೆನ್ಯಾಮೀನನನ್ನು ಹೆತ್ತು ದಾರಿಯಲ್ಲಿಯೇ ಪ್ರಾಣಬಿಟ್ಟದ್ದೂ ಅದೇ ಆದಿಕಾಂಡದಲ್ಲಿ ಬರೆಯಲ್ಪಟ್ಟಿದೆ.

ಇಂಥಾ ಸಂಕಟದಲ್ಲಿ ಸಿಕ್ಕಿದ ತಾಯಂದಿರಿಗಾಗಿ ತನ್ನ ಆಯುಷ್ಯವನ್ನೆಲ್ಲಾ ಸವೆಸಿದ ಒಬ್ಬ ಪಾದ್ರಿಯ ಮಗಳ ಚರಿತ್ರೆಯನ್ನು ಈ ತಿಂಗಳಲ್ಲಿ ಬರೆಯುತ್ತೇವೆ. ಆಕೆಯ ಹೆಸರು ಯುಸ್ತೀನಾ ಸೀಗೆಮುಂಡ್. ಜರ್ಮನ್ ಭಾಷೆಯಲ್ಲಿ ಸೂಲಗಿತ್ತಿಯರ ಕೆಲಸದ ಕುರಿತು ಪುಸ್ತಕ ಬರೆದ ಮೊದಲನೆಯ ಹೆಂಗಸು ಆಕೆಯೇ.

ಯುಸ್ತೀನಳು ೧೬೩೬ನೇ ಇಸವಿಯಲ್ಲಿ ಸಿಲೇಸಿಯ ಸೀಮೆಯ ರೋನ್‌ಸ್ಟೊಕ್ ಎಂಬ ಹಳ್ಳಿಯಲ್ಲಿ ಹುಟ್ಟಿದಳು. ಆ ಹಳ್ಳಿಯು ಈಗ ಪೋಲೆಂಡ್ ದೇಶಕ್ಕೆ ಸೇರಿದೆ. ಆಕೆಯ ತಂದೆಯಾದ ಎಲಿಯಾಸ್ ದೀತ್ರಿಕ್ ಎಂಬವರು ಲುಥೇರಿಯ ಸಭೆಯ ಬೋಧಕರಾಗಿದ್ದರು. ಆ ಕಾಲದಲ್ಲಿ ಜರ್ಮನಿಯಲ್ಲಿ ಮೂವತ್ತು ವರುಷಗಳ ಯುದ್ಧವೆಂಬ ಘೋರ ಯುದ್ಧವು ನಡೆಯುತ್ತಿತ್ತು. ೧೬೧೮ರಲ್ಲಿ ಹತ್ತಿದ ಆ ಬೆಂಕಿ ೧೬೪೮ರ ವರೆಗೂ ಆರಲಿಲ್ಲ. ಸೈನ್ಯಗಳು ಹೋದ ದಾರಿಯಲ್ಲೆಲ್ಲಾ ಬರವೂ ಜಾಡ್ಯವೂ ಹೋದವು. ಎಲಿಯಾಸ್ ಬೋಧಕರು ೧೬೫೦ರಲ್ಲಿ ತೀರಿಕೊಂಡಾಗ ಯುಸ್ತೀನಳಿಗೆ ಹದಿನಾಲ್ಕು ವರುಷ.

ಸಮಾಧಾನದ ಒಡಂಬಡಿಕೆಯಾದ ಮೇಲೆಯೂ ಆ ಸೀಮೆಯ ಸುವಾರ್ತಾ ಸಭೆಯವರಿಗೆ ಸಮಾಧಾನ ದೊರೆಯಲಿಲ್ಲ. ಹಳ್ಳಿಹಳ್ಳಿಯ ದೇವಾಲಯಗಳು ೧೬೫೩ ಮತ್ತು ೧೬೫೪ರಲ್ಲಿ ಅವರ ಕೈಯಿಂದ ತೆಗೆಯಲ್ಪಟ್ಟವು. ಗ್ಲೋಗೌ, ಯಾವರ್, ಶ್ವೈದ್ನಿತ್ಸ್ ಎಂಬ ಮೂರು ಪಟ್ಟಣಗಳ ಹೊರಗೆ ಮಾತ್ರ ಒಂದೊಂದು ದೇವಾಲಯವನ್ನು ಕಟ್ಟಿಕೊಳ್ಳುವದಕ್ಕೆ ಚಕ್ರವರ್ತಿಯಿಂದ ಅಪ್ಪಣೆಯಾಯಿತು. ಅವೂ ಕಲ್ಲಿನವಾಗಿರದೆ ಮರ, ಮಣ್ಣು, ಹುಲ್ಲುಗಳವೇ ಆಗಿರಬೇಕು, ಗೋಪುರವಿರಕೂಡದು, ಒಂದೇ ವರುಷದೊಳಗೆ ಕಟ್ಟಿ ಮುಗಿಸಬೇಕು ಎಂಬ ಕಟ್ಟುಪಾಡುಗಳು ಬೇರೆ. ಒಂದು ವರುಷಕ್ಕೂ ನಿಲ್ಲಲಾರವೆಂದು ಕೆಲವರು ಎಣಿಸಿದ್ದ ಆ ಮಣ್ಣಿನ ಆಲಯಗಳಲ್ಲಿ ಎರಡು ಇಂದಿನ ವರೆಗೂ ನಿಂತಿವೆ. ಇದು ನಮ್ಮ ಕಥೆಗೆ ಸ್ವಲ್ಪ ಹೊರಗಿನ ಮಾತಾದರೂ, ಯುಸ್ತೀನಳು ಯಾವ ಜನರ ನಡುವೆ ಬೆಳೆದಳೆಂಬದು ಇದರಿಂದ ತಿಳಿಯುವದು.

೧೬೫೫ರಲ್ಲಿ ಆಕೆಗೆ ಕ್ರಿಸ್ತಿಯಾನ್ ಸೀಗೆಮುಂಡ್ ಎಂಬ ಲೆಕ್ಕದ ಗುಮಾಸ್ತನೊಂದಿಗೆ ವಿವಾಹವಾಯಿತು. ಮರುವರುಷ, ಆಕೆಯ ಇಪ್ಪತ್ತನೆಯ ವಯಸ್ಸಿನಲ್ಲಿ, ಆಕೆಯು ಬಸುರಿಯೆಂದು ಸೂಲಗಿತ್ತಿಯರು ನಿಶ್ಚಯಿಸಿದರು. ಅವರು ದಿನಗಳನ್ನೆಣಿಸಿದರು, ಹೆರಿಗೆಯ ಕಾಲ ಬಂತೆಂದರು, ಬೇನೆ ತಿನ್ನಿರೆಂದು ಆಕೆಯನ್ನು ಬಲವಂತಮಾಡಿದರು. ಶಿಶುವು ಸರಿಯಾಗಿ ತಿರುಗಿಲ್ಲವೆಂದು ಹೇಳಿ ಆಕೆಯನ್ನು ಬಹಳವಾಗಿ ನೋಯಿಸಿದರು. ಆ ಹುಡುಗಿಯು ತಾನು ಸಾಯುವೆನೆಂದೇ ನೆನಸಿದಳು. ಕಡೆಯಲ್ಲಿ ನೋಡಲಾಗಿ ಶಿಶುವೇ ಇರಲಿಲ್ಲ! ಗರ್ಭಕೋಶವು ತನ್ನ ಸ್ಥಾನದಿಂದ ಜಾರಿದ್ದ ರೋಗವನ್ನು ಅವರು ಬಸುರೆಂದು ತಿಳಿದುಕೊಂಡಿದ್ದರು. ಆ ಸೂಲಗಿತ್ತಿಯರು ಕೆಟ್ಟ ಹೆಂಗಸರಾಗಿದ್ದರೆಂದು ನಾವು ಹೇಳಲಾರೆವು. ಅವರಿಗೆ ಕಲಿಸಿದವರು ಯಾರೂ ಇರಲಿಲ್ಲ. ತಾಯಿಯಿಂದ ಮಗಳಿಗೆ, ಅತ್ತೆಯಿಂದ ಸೊಸೆಗೆ ಬಂದ ಕೆಲಸವನ್ನು ಮಾಡುತ್ತಿದ್ದರು. ಆದರೆ ಅರಿಯದೆ ಮಾಡಿದ ಕೆಲಸವೂ ಅರಿತು ಮಾಡಿದ ಕೆಲಸದಷ್ಟೇ ನೋಯಿಸುವದು.

ಬೇರೊಬ್ಬ ಹೆಂಗಸಾಗಿದ್ದರೆ ಈ ಕಷ್ಟವನ್ನು ಜ್ಞಾಪಿಸಿಕೊಂಡು ಅತ್ತು ಸುಮ್ಮನಿರುತ್ತಿದ್ದಳು. ಯುಸ್ತೀನಳು ಪುಸ್ತಕಗಳನ್ನು ಹುಡುಕಿ ತರಿಸಿಕೊಂಡಳು. ಪಾದ್ರಿಯ ಮನೆಯಲ್ಲಿ ಬೆಳೆದವಳಾದದರಿಂದ ಆಕೆಗೆ ಓದು ಬರುತ್ತಿತ್ತು. ಹೆಂಗಸರ ಶರೀರರಚನೆಯನ್ನೂ ಗರ್ಭದಲ್ಲಿ ಶಿಶುವು ಇರುವ ರೀತಿಯನ್ನೂ ತೋರಿಸುವ ಚಿತ್ರಗಳನ್ನು ಆಕೆಯು ನೋಡಿ ನೋಡಿ ಮನಸ್ಸಿನಲ್ಲಿಟ್ಟುಕೊಂಡಳು. ಸೂಲಗಿತ್ತಿಯಾಗಬೇಕೆಂಬ ಯೋಚನೆ ಆಗ ಆಕೆಗೆ ಇರಲಿಲ್ಲ. ತನ್ನನ್ನು ಹಾಗೆ ನರಳಿಸಿದ ಅಜ್ಞಾನದ ಬೇರು ಎಲ್ಲಿದೆಯೆಂದು ತಿಳಿಯಬೇಕೆಂಬ ಆಸೆ ಮಾತ್ರವಿತ್ತು. ಆಕೆಗೆ ಮುಂದೆಯೂ ಮಕ್ಕಳಾಗಲಿಲ್ಲ.

ಹೀಗಿರಲಾಗಿ ೧೬೫೯ರಲ್ಲಿ ಒಂದು ಹೆರಿಗೆಯು ಕಟ್ಟಿಕೊಂಡು ನಿಂತಿತು. ಶಿಶುವಿನ ತೋಳು ಮುಂದಾಗಿ ಬಂದು ಸಿಕ್ಕಿಕೊಂಡಿತ್ತು. ಅಲ್ಲಿದ್ದ ಸೂಲಗಿತ್ತಿಗೆ ಏನೂ ತೋಚಲಿಲ್ಲ. ಪುಸ್ತಕ ಓದಿದ ಯುಸ್ತೀನಳಿದ್ದಾಳಲ್ಲಾ ಎಂಬದು ಆಕೆಗೆ ನೆನಪಾಗಿ ಹೇಳಿಕಳುಹಿಸಿದಳು. ಇಪ್ಪತ್ತಮೂರು ವರುಷದ, ಒಂದು ಹೆರಿಗೆಯನ್ನಾದರೂ ಮಾಡಿಸದ ಆ ಗುಮಾಸ್ತನ ಹೆಂಡತಿಯು ಹೋದಳು. ಚಿತ್ರಗಳಲ್ಲಿ ಕಂಡದ್ದನ್ನು ಕೈಯಲ್ಲಿ ಕಂಡಳು. ತೋಳನ್ನು ಸರಿಪಡಿಸಿ ಶಿಶುವನ್ನು ಹುಟ್ಟಿಸಿದಳು. ಆ ದಿನದಿಂದ ಆಕೆಯ ದಾರಿ ಬದಲಾಯಿತು. ನಾವು ಸಹ ಇಲ್ಲಿಂದ ಮುಂದೆ ಆಕೆಯನ್ನು ಯುಸ್ತೀನಮ್ಮನವರೆಂದೇ ಕರೆಯುವೆವು.

ಆ ಮೇಲೆ ಅನೇಕ ವರುಷಗಳ ಕಾಲ ಅವರು ಸುತ್ತಣ ಹಳ್ಳಿಗಳ ರೈತರ ಹೆಂಡತಿಯರಿಗೂ ಬಡವರಿಗೂ ಹಣ ತೆಗೆದುಕೊಳ್ಳದೆ ಹೆರಿಗೆ ಮಾಡಿಸಿದರು. ಕೈ ಪಳಗಿದ್ದು ಅಲ್ಲಿ. ಕೆಲಸ ಸುಲಭವಾಗಿದ್ದಾಗ ಯಾರೂ ಹೇಳಿಕಳುಹಿಸುತ್ತಿರಲಿಲ್ಲ. ಉಳಿದವರು ಕೈಬಿಟ್ಟ ಮೇಲೆಯೇ ಅವರನ್ನು ಕರೆಯುತ್ತಿದ್ದರು. ಆದಕಾರಣ ಬೇರೆ ಸೂಲಗಿತ್ತಿಯು ಜೀವಮಾನದಲ್ಲಿ ನಾಲ್ಕಾರು ಸಾರಿ ಕಾಣುವದನ್ನು ಅವರು ಪದೇ ಪದೇ ಕಂಡರು.

ಆ ಅಪಾಯಗಳು ಎಂಥವೆಂಬದನ್ನು ಇಲ್ಲಿ ಸ್ವಲ್ಪ ಬಿಡಿಸಿ ಹೇಳುವದು ಅವಶ್ಯ. ಇದನ್ನು ಓದಿ ನಾಚಿಕೊಳ್ಳತಕ್ಕದ್ದೇನೂ ಇಲ್ಲ. ಸತ್ಯವೇದವು ನಾಚಿಕೊಳ್ಳದೆ ಬರೆದದ್ದನ್ನು ನಾವು ತಿಳಿಯುವದಕ್ಕೆ ಯಾಕೆ ನಾಚಬೇಕು?

ಶಿಶುವು ತಲೆ ಕೆಳಗಾಗಿ ಇರುವದು ಸಾಮಾನ್ಯ. ಆ ತಲೆಯು ದಾರಿಯನ್ನು ಮುಚ್ಚಳದಂತೆ ಮುಚ್ಚಿಕೊಂಡಿರುವದರಿಂದ ನೀರು ಒಡೆದರೂ ಬೇರೇನೂ ಕೆಳಗೆ ಜಾರುವದಿಲ್ಲ. ಆದರೆ ಶಿಶುವು ತಾಯಿಯ ಹೊಟ್ಟೆಯಲ್ಲಿ ಅಡ್ಡವಾಗಿ ಮಲಗಿದ್ದರೆ, ಕಾಲು ಕೆಳಗಾಗಿದ್ದರೆ, ದಿನ ತುಂಬದ ಸಣ್ಣ ಶಿಶುವಾಗಿದ್ದರೆ, ಅವಳಿಯಾಗಿದ್ದರೆ, ನೀರು ಅತಿಯಾಗಿದ್ದರೆ, ಆ ಮುಚ್ಚಳ ಸರಿಯಾಗಿ ಕೂಡುವದಿಲ್ಲ. ನೀರು ಒಡೆದು ರಭಸದಿಂದ ಹರಿಯುವಾಗ ಒಂದು ತೋಳಾಗಲಿ ಹೊಕ್ಕುಳ ಬಳ್ಳಿಯಾಗಲಿ ಅದರೊಂದಿಗೆ ಜಾರಿ ಮುಂದಕ್ಕೆ ಬಂದುಬಿಡುವದು. ತೋಳು ಬಂದರೆ ಕೆಲವು ಗಂಟೆಗಳ ಅವಕಾಶವಾದರೂ ಇರಬಹುದು. ಬಳ್ಳಿ ಬಂದರೆ ಅವಕಾಶವು ನಿಮಿಷಗಳದು.

ಹೊಕ್ಕುಳ ಬಳ್ಳಿಯು ಒಂದು ಮೊಳಕ್ಕಿಂತ ಸ್ವಲ್ಪ ಉದ್ದವಾಗಿರುವದು. ಅದರೊಳಗೆ ಮೂರು ನಾಳಗಳಿರುತ್ತವೆ. ಎರಡು ಶಿಶುವಿನ ರಕ್ತವನ್ನು ಮಾಸಿಗೆ ಒಯ್ಯುವವು, ಒಂದು ಶುದ್ಧವಾದ ರಕ್ತವನ್ನು ತಿರುಗಿ ತರುವದು. ಹುಟ್ಟುವ ವರೆಗೂ ಶಿಶುವಿಗೆ ಉಸಿರು ಬರುವದು ಇದರ ಮೂಲಕವೇ. ಬಳ್ಳಿಯು ತಲೆಗಿಂತ ಮುಂದಾಗಿ ಜಾರಿದರೆ ಪ್ರತಿಯೊಂದು ಬೇನೆಗೂ ತಲೆಯು ಅದನ್ನು ಎಲುಬಿಗೆ ಒತ್ತಿ ಹಿಸುಕುವದು. ಹೊರಗೆ ಬಂದ ಬಳ್ಳಿಗೆ ತಣ್ಣನೆಯ ಗಾಳಿ ತಗುಲಿದರೂ, ಕೈಯಿಂದ ಹಿಡಿದು ಅಲುಗಾಡಿಸಿದರೂ, ನಾಳಗಳು ತಾವಾಗಿಯೇ ಮುದುಡಿಕೊಳ್ಳುವವು. ಸಾವಿರ ಹೆರಿಗೆಗಳಲ್ಲಿ ಒಂದರಿಂದ ಆರರ ವರೆಗೆ ಹೀಗಾಗುವದೆಂದು ವೈದ್ಯರು ಲೆಕ್ಕಮಾಡಿದ್ದಾರೆ. ತಾಯಿಗೆ ವಿಶೇಷ ನೋವಿರುವದಿಲ್ಲ, ನೆತ್ತರು ಹೋಗುವದಿಲ್ಲ. ಮನೆಯವರು ಏನೂ ಕೆಟ್ಟದ್ದಾಗಿಲ್ಲವೆಂದು ಕುಳಿತಿರುವಾಗಲೇ ಒಳಗೆ ಶಿಶುವು ಪ್ರಾಣಬಿಡುವದು.

ಯುಸ್ತೀನಮ್ಮನವರ ಕಾಲದಲ್ಲಿ ಹೊಟ್ಟೆಯನ್ನು ಕೊಯ್ದು ಶಿಶುವನ್ನು ತೆಗೆದರೆ ತಾಯಿಯು ಬದುಕುವದು ಇಲ್ಲವೆಂಬಷ್ಟು ಅಪರೂಪ. ಬಳ್ಳಿ ಜಾರಿದ್ದು ತಿಳಿದು, ಅದರಲ್ಲಿ ಇನ್ನೂ ನಾಡಿ ಬಡಿಯುತ್ತಿದ್ದರೆ, ಅದನ್ನು ಒಳಕ್ಕೆ ಸೇರಿಸಲು ಪ್ರಯತ್ನಿಸುವದು, ಇಲ್ಲವೆ ಒಳಗೆ ಕೈಹಾಕಿ ಶಿಶುವಿನ ಪಾದಗಳನ್ನು ಹುಡುಕಿ ತಿರುಗಿಸಿ ಬೇಗನೆ ಹೊರಗೆ ತೆಗೆಯುವದು, ಇಷ್ಟೇ ಆಗಿನವರಿಗಿದ್ದ ದಾರಿ. ನಾಡಿ ನಿಂತು ಬಳ್ಳಿ ತಣ್ಣಗಾಗಿದ್ದರೆ ಶಿಶುವಿನ ಆಶೆ ಹೋಯಿತು. ತಾಯಿಯನ್ನು ಉಳಿಸುವದೊಂದೇ ಉಳಿಯಿತು. ಅಂಥಾ ವೇಳೆಯಲ್ಲಿ ಶಸ್ತ್ರವೈದ್ಯನನ್ನು ಕರೆದರೆ ಅವನು ಕೊಕ್ಕೆಗಳೊಂದಿಗೆ ಬರುತ್ತಿದ್ದನು. ಅವನ ಹೆಸರನ್ನು ಕೇಳಿದರೇ ಹೆಂಗಸರು ನಡುಗುತ್ತಿದ್ದರು.

ಅಡ್ಡಬಿದ್ದ ಶಿಶುವನ್ನು ತಿರುಗಿಸುವ ವಿಧಾನವು ಯುಸ್ತೀನಮ್ಮನವರಿಗಿಂತ ಮುಂಚೆಯೂ ಪುಸ್ತಕಗಳಲ್ಲಿ ಇತ್ತು. ಆದರೆ ಹೇಳಿದಷ್ಟು ಸುಲಭವಾಗಿರಲಿಲ್ಲ. ನೀರು ಹರಿದುಹೋಗಿ ಬಹಳ ಹೊತ್ತಾದ ಮೇಲೆ ಗರ್ಭಕೋಶವು ಒದ್ದೆಬಟ್ಟೆಯಂತೆ ಶಿಶುವನ್ನು ಸುತ್ತಿ ಬಿಗಿಯುವದು. ಒಳಗೆ ಒಂದು ಕೈಗೆ ಸ್ಥಳವಿರುವದೇ ಕಷ್ಟ. ಆ ಒಂದೇ ಕೈಯಿಂದ ಪಾದವನ್ನು ಕೆಳಕ್ಕೆ ಎಳೆದರೆ ಮೈಯು ಮೇಲಕ್ಕೆ ಸರಿಯದು. ಮೈಯನ್ನು ಮೇಲಕ್ಕೆ ನೂಕಿದರೆ ಪಾದವು ಕೈತಪ್ಪುವದು. ಹೊರಬಂದ ಕೈಯನ್ನು ಎಳೆದರಂತೂ ಭುಜವು ಮರದೊಳಕ್ಕೆ ಬಡಿದ ಬೆಣೆಯಂತೆ ಇನ್ನಷ್ಟು ಭದ್ರವಾಗಿ ಸಿಕ್ಕಿಕೊಳ್ಳುವದು. ಎಷ್ಟೋ ಊರುಗಳಲ್ಲಿ ಎಷ್ಟೋ ಸೂಲಗಿತ್ತಿಯರು ಮಾಡಿದ ತಪ್ಪು ಇದೇ.

ಯುಸ್ತೀನಮ್ಮನವರು ಇದಕ್ಕೆ ಒಂದು ಉಪಾಯವನ್ನು ಕಂಡರು. ಮೆತ್ತಗಿನ ಪಟ್ಟಿಯೊಂದನ್ನು ಕುಣಿಕೆಮಾಡಿ, ಸಣ್ಣ ಕೋಲಿನ ಸಹಾಯದಿಂದ ಒಳಗೆ ಸೇರಿಸಿ, ಶಿಶುವಿನ ಪಾದಕ್ಕೆ ತೊಡಿಸುವರು. ಪಟ್ಟಿಯ ತುದಿಯು ಹೊರಗೆ ಒಂದು ಕೈಯಲ್ಲಿರುವದು. ಆ ಕೈಯು ಮೆಲ್ಲನೆ ಕೆಳಕ್ಕೆ ಎಳೆಯುತ್ತಿರುವಾಗ, ಒಳಗಿನ ಕೈಯು ಶಿಶುವಿನ ಮೈಯನ್ನು ಮೆಲ್ಲನೆ ಮೇಲಕ್ಕೆ ನೂಕುವದು. ಎರಡು ಕೈಗಳೂ ಕೂಡಿ ಒಂದೇ ಕೆಲಸ ಮಾಡುವದರಿಂದ ಶಿಶುವು ಸುತ್ತಿಕೊಂಡು ಪಾದ ಕೆಳಗಾಗಿ ಬರುವದು. ಇದಕ್ಕೆ ಇಮ್ಮಡಿ ಕೈಹಿಡಿತವೆಂದು ಹೆಸರಾಯಿತು. ವೈದ್ಯರ ಗ್ರಂಥಗಳಲ್ಲಿ ಇದು ಅವರ ಹೆಸರಿನಿಂದಲೇ ನಿಂತಿದೆ. ಮಾಸು ಶಿಶುವಿನ ಮುಂದೆ ಬಂದು ನೆತ್ತರು ಹೊಳೆಯಂತೆ ಹರಿಯುವ ಇನ್ನೊಂದು ಭಯಂಕರ ಅಪಾಯದಲ್ಲಿ ನೀರಿನ ಚೀಲವನ್ನು ಚುಚ್ಚಿ ನೆತ್ತರನ್ನು ತಡೆಯುವ ಕ್ರಮವನ್ನೂ ಅವರು ನಡಿಸಿದರು. ಔಷಧಗಳನ್ನೂ ಶಸ್ತ್ರಗಳನ್ನೂ ಅವರು ಬಹು ಅಪರೂಪವಾಗಿ ಮುಟ್ಟುತ್ತಿದ್ದರು. ಕೈಯೇ ಅವರ ಆಯುಧ.

(ಇದನ್ನು ಓದಿದವರು ತಾವೂ ಹಾಗೆ ಮಾಡಬಹುದೆಂದು ಎಣಿಸಬಾರದು. ಈಗಿನ ಕಾಲದಲ್ಲಿ ಶಿಶುವು ಅಡ್ಡವಾಗಿರುವದು ಬೇನೆಗೆ ಮೊದಲೇ ಆಸ್ಪತ್ರೆಯಲ್ಲಿ ತಿಳಿದುಬರುವದು. ಆದದರಿಂದ ತಿಂಗಳು ತಿಂಗಳು ತೋರಿಸಿಕೊಳ್ಳಬೇಕು. ಕೈ ಹೊರಬಂದರೆ ಅದನ್ನು ಎಳೆಯಕೂಡದು. ಬಳ್ಳಿ ಜಾರಿ ಬಂದರೆ ಅದನ್ನು ಹಿಡಿದು ನೋಡಲೂ ಕೂಡದು, ಒಳಕ್ಕೆ ತುರುಕಲೂ ಕೂಡದು. ತಾಯಿಯನ್ನು ಕೂಡಲೇ ಮೊಣಕಾಲೂರಿಸಿ, ಎದೆಯನ್ನು ಹಾಸಿಗೆಗೆ ತಗುಲಿಸಿ, ಸೊಂಟ ಮೇಲಾಗುವಂತೆ ಬಾಗಿಸಬೇಕು. ಆಗ ಶಿಶುವಿನ ಭಾರವು ಬಳ್ಳಿಯ ಮೇಲಿಂದ ಸರಿಯುವದು. ತಿಣುಕಬೇಡವೆಂದು ಆಕೆಗೆ ಹೇಳಬೇಕು. ವಾಹನದಲ್ಲಿ ಎಡಮಗ್ಗುಲಾಗಿ ಮಲಗಿಸಿ ಸೊಂಟದ ಕೆಳಗೆ ದಿಂಬುಗಳನ್ನಿಟ್ಟು, ಶಸ್ತ್ರಚಿಕಿತ್ಸೆ ಮಾಡುವ ಆಸ್ಪತ್ರೆಗೇ ನೇರವಾಗಿ ಕೊಂಡೊಯ್ಯಬೇಕು. ಹಿರಿಯರನ್ನು ಕೇಳಿ ಬರುತ್ತೇವೆಂದು ಕಾಯುವ ವೇಳೆ ಇದಲ್ಲ.)

ಇನ್ನು ಚರಿತ್ರೆಗೆ ಬರುವ. ಬಡವರ ಮನೆಗಳಿಂದ ವರ್ತಕರ ಮನೆಗಳಿಗೂ, ಅಲ್ಲಿಂದ ಪ್ರಭುಗಳ ಮನೆಗಳಿಗೂ ಯುಸ್ತೀನಮ್ಮನವರ ಹೆಸರು ಹಬ್ಬಿತು. ೧೬೭೦ರಲ್ಲಿ ಲೀಗ್ನಿತ್ಸ್ ಪಟ್ಟಣದವರು ಅವರನ್ನು ಪಟ್ಟಣದ ಸೂಲಗಿತ್ತಿಯನ್ನಾಗಿ ನೇಮಿಸಿದರು. ಅಲ್ಲಿನ ಪ್ರಭುವಿನ ಪತ್ನಿಯಾದ ಲುಯೀಸೆಯವರಿಗೆ ಗರ್ಭಕೋಶದ ಬಾಯಲ್ಲಿ ಗೆಡ್ಡೆಯೊಂದು ಬೆಳೆದಾಗ ಅವರನ್ನೇ ಕರೆಯಿಸಿದರು. ಅವರು ಅದನ್ನು ತೆಗೆದರು.

ಆದರೆ ಹೆಸರು ಬಂದಲ್ಲಿ ಹಗೆಯೂ ಬರುವದು. ೧೬೮೦ರಲ್ಲಿ ಲುಯೀಸೆಯವರು ತೀರಿಕೊಂಡರು. ಅದೇ ಇಸವಿಯಲ್ಲಿ ಮಾರ್ಟಿನ್ ಕೆರ್ಗರ್ ಎಂಬ ವೈದ್ಯನು ಯುಸ್ತೀನಮ್ಮನವರ ಮೇಲೆ ದೂರು ತಂದನು. ಈತನು ಮುಂಚೆ ಅವರ ಪಕ್ಷದವನೇ ಆಗಿದ್ದನು. ಅವರು ಹೆರಿಗೆಗಳನ್ನು ಅಪಾಯಕರವಾದ ರೀತಿಯಲ್ಲಿ ನಡಿಸುತ್ತಾರೆಂಬದೇ ದೂರು. ಈ ದೂರು ಸಣ್ಣದಲ್ಲ. ಸೂಲಗಿತ್ತಿಯು ಒಂದು ಸಾರಿ ಕೊಲೆಗಡುಕಿಯೆನಿಸಿಕೊಂಡರೆ ಮುಂದೆ ಯಾವ ಮನೆಯವರೂ ಆಕೆಗೆ ಬಾಗಿಲು ತೆರೆಯರು. ಅದಲ್ಲದೆ ಆಗಿನ ದಿನಗಳಲ್ಲಿ ಅಂಥಾ ಮಾತಿನಿಂದ ಜೀವಕ್ಕೇ ಕುತ್ತು ಬರಬಹುದಿತ್ತು. ಆಗ ಅವರು ಉಳಿಸಿದ ತಾಯಂದಿರೇ ಅವರ ಪರವಾಗಿ ಸಾಕ್ಷಿ ಹೇಳಿದರು. ದೂರು ಹೇಳಿದವನಿಗೆ ಹೆರಿಗೆಯ ಕೆಲಸದಲ್ಲಿ ಕೈಯ ಅನುಭವವಿಲ್ಲವೆಂಬದು ಬೈಲಿಗೆ ಬಂತು. ದೂರು ನಿಲ್ಲಲಿಲ್ಲ. ಈ ಸಾಕ್ಷಿಗಳನ್ನು ಅವರು ಜೋಕೆಯಾಗಿಟ್ಟುಕೊಂಡು ಮುಂದೆ ತಮ್ಮ ಪುಸ್ತಕದಲ್ಲಿ ಸೇರಿಸಿದರು.

ಮೂರು ವರುಷಗಳಾದ ಮೇಲೆ, ೧೬೮೩ರಲ್ಲಿ, ಬ್ರಾಂದೆನ್‌ಬುರ್ಗಿನ ಪ್ರಭುವಾದ ಫ್ರೀದ್ರಿಕ್ ವಿಲ್ಹೆಲ್ಮನು ಅವರನ್ನು ಬೆರ್ಲಿನ್ ಪಟ್ಟಣಕ್ಕೆ ಕರೆಯಿಸಿ ಅರಮನೆಯ ಸೂಲಗಿತ್ತಿಯನ್ನಾಗಿ ಮಾಡಿದನು. ಸೂಲಗಿತ್ತಿಗೆ ಜರ್ಮನ್ ಭಾಷೆಯಲ್ಲಿ ಆಗ ಇದ್ದ ಹೆಸರಿನ ಅರ್ಥವು ಬೇನೆಯ ತಾಯಿ ಎಂದಾಗುವದು. ಹೆರದ ಹೆಂಗಸು ಬೇನೆಯ ತಾಯಿಯಾಗುವದು ಹೇಗೆಂದು ಹಂಗಿಸುವವರು ಬೆರ್ಲಿನಿನಲ್ಲಿಯೂ ಇದ್ದರು. ನಮ್ಮ ಕಡೆಯಲ್ಲಿಯೂ ಮಕ್ಕಳಿಲ್ಲದವಳ ಮುಖ ನೋಡಬಾರದು, ಅಂಥವಳು ಬಾಣಂತಿಯ ಕೋಣೆಗೆ ಕಾಲಿಡಬಾರದು ಎನ್ನುವ ಮೂಢರಿದ್ದಾರಷ್ಟೆ. ಹೆತ್ತ ಮಾತ್ರಕ್ಕೆ ಹೆರಿಸುವ ವಿದ್ಯೆ ಬಾರದೆಂದೂ, ತಾನು ಹೆರದಿದ್ದರೂ ಆ ಸಂಕಟವನ್ನು ತನ್ನ ಮೈಯಲ್ಲಿ ಅನುಭವಿಸಿದವಳೆಂದೂ ಅವರು ಅಂಥವರಿಗೆ ಉತ್ತರ ಕೊಟ್ಟರು.

ರಾಜಮನೆತನಗಳ ಸೇವೆಯಲ್ಲಿ ಅವರು ದೂರದೂರದ ಪ್ರಯಾಣಗಳನ್ನು ಮಾಡಿದರು. ಒಂದು ಸಾರಿ ಹಾಲಂಡ್ ದೇಶದ ಹೇಗ್ ಪಟ್ಟಣಕ್ಕೆ ಹೋದಾಗ ಆರೆಂಜಿನ ರಾಜಕುಮಾರಿ ಮೇರಿಯವರನ್ನು ಕಂಡರು. ಮುಂದೆ ಇಂಗ್ಲೆಂಡಿನ ರಾಣಿಯಾದ ಮೇರಿಯವರು ಇವರೇ. ಅವರಿಗೂ ಮಕ್ಕಳಿರಲಿಲ್ಲ. ಯುಸ್ತೀನಮ್ಮನವರು ತಾವು ಕಂಡದ್ದನ್ನೆಲ್ಲಾ ಬರೆದಿಟ್ಟಿದ್ದರು. ಅದನ್ನು ಇತರ ಸೂಲಗಿತ್ತಿಯರಿಗೆ ಪ್ರಯೋಜನವಾಗುವಂತೆ ಅಚ್ಚುಹಾಕಿಸಬೇಕೆಂದು ಮೇರಿಯವರು ಪ್ರೋತ್ಸಾಹಿಸಿದರು. ಮಕ್ಕಳಿಲ್ಲದ ಇಬ್ಬರು ಹೆಂಗಸರು ಕೂತು ಪರರ ಮಕ್ಕಳು ಬದುಕುವದಕ್ಕಾಗಿ ಮಾಡಿದ ಆಲೋಚನೆ ಇದು.

ಪುಸ್ತಕವನ್ನು ಓದರ್ ನದೀತೀರದ ಫ್ರಾಂಕ್‌ಫುರ್ಟಿನ ವೈದ್ಯಪಂಡಿತರು ೧೬೮೯ರಲ್ಲಿ ಪರೀಕ್ಷಿಸಿ ಒಪ್ಪಿದರು. ೧೬೯೦ರಲ್ಲಿ ಯುಸ್ತೀನಮ್ಮನವರು ಅದನ್ನು ತಮ್ಮ ಸ್ವಂತ ಖರ್ಚಿನಿಂದ ಬೆರ್ಲಿನಿನಲ್ಲಿ ಅಚ್ಚುಮಾಡಿಸಿದರು. ಅರಮನೆಯ ಸೂಲಗಿತ್ತಿ ಎಂಬದೇ ಅದರ ಹೆಸರಿನ ತಾತ್ಪರ್ಯ. ಪಂಡಿತರ ಲತೀನ್ ಭಾಷೆಯಲ್ಲಿ ಅಲ್ಲ, ಹೆಂಗಸರಿಗೆ ತಿಳಿಯುವ ಜರ್ಮನಿನಲ್ಲಿಯೇ ಅದನ್ನು ಬರೆದರು. ಕ್ರಿಸ್ತೀನಾ ಎಂಬ ಎಳೆಯ ಸೂಲಗಿತ್ತಿಯು ಪ್ರಶ್ನೆ ಕೇಳುವಳು, ಯುಸ್ತೀನಾ ಎಂಬವರು ಉತ್ತರ ಹೇಳುವರು. ನಮ್ಮ ಮಕ್ಕಳು ಪ್ರಶ್ನೋತ್ತರದಿಂದ ವೇದಪಾಠವನ್ನು ಕಲಿಯುವಂತೆ ಸೂಲಗಿತ್ತಿಯರು ತಮ್ಮ ಕೆಲಸವನ್ನು ಕಲಿಯಲೆಂದು ಹಾಗೆ ಮಾಡಿದರು. ಗರ್ಭದಲ್ಲಿ ಶಿಶುವು ಯಾವ ಯಾವ ರೀತಿಯಾಗಿ ಸಿಕ್ಕಿಕೊಳ್ಳಬಹುದು, ಕೈಯನ್ನು ಎಲ್ಲಿಡಬೇಕು, ಕುಣಿಕೆಯನ್ನು ಹೇಗೆ ತೊಡಿಸಬೇಕು ಎಂಬದಕ್ಕೆ ತಾಮ್ರದ ಹಲಗೆಗಳಲ್ಲಿ ಕೆತ್ತಿದ ಚಿತ್ರಗಳನ್ನು ಹಾಕಿಸಿದರು. ಇಪ್ಪತ್ತನೆಯ ವಯಸ್ಸಿನಲ್ಲಿ ತಮಗೆ ದಾರಿ ತೋರಿಸಿದ್ದು ಚಿತ್ರಗಳೇ ಎಂಬದನ್ನು ಅವರು ಮರೆತಿರಲಿಲ್ಲ. ಮರುವರುಷವೇ, ೧೬೯೧ರಲ್ಲಿ, ಹಾಲಂಡಿನ ಒಬ್ಬ ವೈದ್ಯನು ಅದನ್ನು ತನ್ನ ದೇಶದ ಭಾಷೆಗೆ ತಿರುಗಿಸಿದನು. ಲೈಪ್ಸಿಗಿನ ಪಂಡಿತನೊಬ್ಬನು ಇದೆಲ್ಲಾ ಬರೀ ಕಲ್ಪನೆಯೆಂದು ಅದನ್ನು ಖಂಡಿಸಿ ಬರೆದನು. ಅದಕ್ಕೆ ಯುಸ್ತೀನಮ್ಮನವರು ಹಿಂಜರಿಯದೆ ಅಚ್ಚಿನಲ್ಲಿಯೇ ಉತ್ತರ ಕೊಟ್ಟರು. ಆಗ ಅವರಿಗೆ ಐವತ್ತೈದು ವರುಷ ದಾಟಿತ್ತು.

೧೬೯೬ರಲ್ಲಿ ಸಾಕ್ಸನಿಯ ಪ್ರಭುವಿನ ಪತ್ನಿ ಎಬರ್ಹಾರ್ದೀನೆಯವರ ಹೆರಿಗೆಗೂ ಅವರನ್ನೇ ಕರೆಯಿಸಿದರು. ಮರುವರುಷ ಪ್ರಭುವು ಪೋಲೆಂಡಿನ ಪಟ್ಟಕ್ಕಾಗಿ ತನ್ನ ಸಭೆಯನ್ನು ಬಿಟ್ಟಾಗ ಸುವಾರ್ತಾ ಮತವನ್ನು ಬಿಡದೆ ನಿಂತ ಹೆಂಗಸು ಇವರೇ.

ಯುಸ್ತೀನಮ್ಮನವರೂ ಗಂಡನೂ ನಾಲ್ವತ್ತೆರಡು ವರುಷಗಳ ಕಾಲ ಕೂಡಿ ಬಾಳಿದರು. ಮಕ್ಕಳಿಲ್ಲವೆಂಬ ಕಾರಣದಿಂದ ಆ ಮನೆ ಒಡೆಯಲಿಲ್ಲ. ಹೊತ್ತಲ್ಲದ ಹೊತ್ತಿನಲ್ಲಿ ಬಾಗಿಲು ಬಡಿದು ಹೆಂಡತಿಯನ್ನು ಕರೆದೊಯ್ಯುವವರನ್ನು ಆ ಗುಮಾಸ್ತನು ಎಷ್ಟು ಸಾರಿ ಕಂಡಿರಬೇಕೆಂದು ನಾವೇ ಊಹಿಸಬೇಕು.

೧೭೦೫ನೇ ಇಸವಿ ನವೆಂಬರ್ ಹತ್ತನೆಯ ತಾರೀಕಿನಲ್ಲಿ, ತಮ್ಮ ಅರುವತ್ತೊಂಬತ್ತನೆಯ ವಯಸ್ಸಿನ ಸುಮಾರಿನಲ್ಲಿ, ಅವರು ಬೆರ್ಲಿನಿನಲ್ಲಿ ಕರ್ತನಲ್ಲಿ ನಿದ್ರೆಹೋದರು. ಸಮಾಧಿಯ ಆರಾಧನೆಯಲ್ಲಿ ಸಭಾಸೇವಕರು ಅವರ ಕೈಯಿಂದ ಹುಟ್ಟಿದ ಮಕ್ಕಳ ಸಂಖ್ಯೆಯನ್ನು ಹೇಳಿದರು. ಅದು ಸುಮಾರು ೬೨೦೦. ಅವರ ಪುಸ್ತಕವು ಅವರ ಮರಣದ ತರುವಾಯವೂ ಐವತ್ತು ವರುಷಗಳ ವರೆಗೆ ಜರ್ಮನಿಯಲ್ಲಿ ತಿರುಗಿ ತಿರುಗಿ ಅಚ್ಚಾಗುತ್ತಾ ಬಂತು. ೨೦೦೫ರಲ್ಲಿ ಅದು ಇಂಗ್ಲಿಷಿನಲ್ಲಿಯೂ ಹೊರಟಿತು.